ಹಿನ್ನೆಲೆ ಸಂಗೀತ: ಸಿನಿಮಾ, ವನ್ಯಜೀವಿ ಚಿತ್ರ ಮತ್ತು ಕೋಲಾರ ಸೀಮೆ

ಸಿನಿಮಾದಲ್ಲಾಗಲಿ ಸಾಕ್ಷ್ಯಚಿತ್ರದಲ್ಲಾಗಲಿ ಮಾತು, ಸ್ಥಳದ ಸದ್ದು ಮತ್ತು ಹಾಡುಗಳನ್ನು ಕಳೆದರೆ ಉಳಿಯುವ ಸಂಗೀತವೇ ಹಿನ್ನೆಲೆ ಸಂಗೀತ. ಗಾಂಧಿನಗರದ ಬಳಕೆಯಲ್ಲಿ ಅದು ರೀರೆಕಾರ್ಡಿಂಗ್, ಈಚಿನವರಿಗೆ ಬಿಜಿಎಂ. ಹಾಡಿಗೆ ರಾಗ ಹಾಕುವವರನ್ನೇ ನಾವು ಸಂಗೀತ ನಿರ್ದೇಶಕರೆಂದು ಕರೆಯುತ್ತ ಬಂದಿದ್ದೇವೆ. ಹೀಗಾಗಿ ರೀರೆಕಾರ್ಡಿಂಗ್ ಎಂಬುದು ಬಹುಕಾಲ ಹಾಡುಗಳ ಕೆಲಸವಾದ ಮೇಲೆ, ಬಿಡುಗಡೆಯ ದಿನಾಂಕ ಹತ್ತಿರ ಬಂದಾಗ, ಅವಸರದಲ್ಲಿ ಮುಗಿಸುವ ಬಾಬತ್ತಾಗಿತ್ತು. ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಹಾಡಿಗೂ ಹಿನ್ನೆಲೆಗೂ ಬೇರೆಬೇರೆ ಪುರಸ್ಕಾರ ಕೊಡುವ ಪದ್ಧತಿ ನೆಲೆಯೂರಿದ್ದು 2009ರ ಸಾಲಿನಿಂದ ಈಚೆಗೆ. ಹಿನ್ನೆಲೆ ಸಂಗೀತವನ್ನು ಅಲಂಕಾರವೆಂದು ಕಾಣುವ ಈ ಅಭ್ಯಾಸ ಕಥಾಚಿತ್ರದಲ್ಲಿ ಅಷ್ಟೇನೂ ಹಾನಿ ಮಾಡದಿರಬಹುದು. ವನ್ಯಜೀವಿ ಚಿತ್ರದಲ್ಲಿ ಮಾಡುತ್ತದೆ. ಅಲ್ಲಿ ಸಂಗೀತವು ಒಂದು ಪ್ರಾಣಿಯ ಬಗ್ಗೆ, ಒಂದು ಊರಿನ ಬಗ್ಗೆ ಹೇಳಿಕೆಯನ್ನೇ ಕೊಡುತ್ತಿರುತ್ತದೆ. ನಿರೂಪಕ ಆಡಿದ ವಾಕ್ಯವನ್ನು ನಿಜವೇ ಸುಳ್ಳೇ ಎಂದು ಕೇಳುವಂತೆ ಆ ಸಂಗೀತವನ್ನೂ ಕೇಳಬಹುದು, ಕೇಳಬೇಕು. ಇದನ್ನು ಒರೆಗೆ ಹಚ್ಚಲು ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರಗಳ ಸೀಮೆ ತಕ್ಕುದಾಗಿದೆ. ದೇಶದಲ್ಲೆಲ್ಲ ಗದ್ದಲವೆಬ್ಬಿಸಿದ ಸಿನಿಮಾವೊಂದು ಈ ಜಿಲ್ಲೆಯ ಹೆಸರನ್ನೇ ಹೊತ್ತಿತ್ತು. ಇಲ್ಲಿ ಬಿಟ್ಟರೆ ಜಗತ್ತಿನಲ್ಲಿ ಬೇರೆಲ್ಲೂ ಇಲ್ಲದ ಒಂದು ಪ್ರಾಣಿಯ ಧ್ವನಿಯಂತೂ ಮನುಷ್ಯರ ಕಿವಿಗೇ ಬೀಳುವುದಿಲ್ಲ.

ಕೆಲಸ ನಡೆಯುವ ಬಗೆ ಎರಡೂ ಕಡೆ ಹೆಚ್ಚುಕಡಿಮೆ ಒಂದೇ. ಸಂಕಲನ ಮುಗಿದ ಚಿತ್ರವನ್ನು ನಿರ್ದೇಶಕ ಮತ್ತು ಸಂಯೋಜಕ ಒಟ್ಟಿಗೆ ಕೂತು ನೋಡಿ ಸಂಗೀತ ಎಲ್ಲಿ ಶುರುವಾಗಬೇಕು, ಎಲ್ಲಿ ನಿಲ್ಲಬೇಕು ಎಂದು ಗುರುತು ಹಾಕಿಕೊಳ್ಳುತ್ತಾರೆ. ಸಿನಿಮಾದಲ್ಲಿ ಸೆಕೆಂಡಿಗೆ 24 ಫ್ರೇಮ್‌ಗಳು. ಹುಲಿ ತಲೆ ಎತ್ತುವ ಫ್ರೇಮಿಗೆ ಸರಿಯಾಗಿ ತಂತಿವಾದ್ಯದ ಸ್ವರ ಬೀಳಬೇಕಾದರೆ ಲಯವನ್ನು ಫ್ರೇಮಿನ ಲೆಕ್ಕಕ್ಕೆ ಕಟ್ಟಿ, ವಾದಕರ ಕಿವಿಗೆ ಕ್ಲಿಕ್ ಟ್ರ್ಯಾಕ್ ಕೊಟ್ಟು ನುಡಿಸಬೇಕಾಗುತ್ತದೆ. ಸಾಕ್ಷ್ಯಚಿತ್ರದಲ್ಲಿ ಇದರ ಜೊತೆಗೆ ನಿರೂಪಣೆಯೊಂದಿರುತ್ತದೆ. ಮಾತು ಸ್ಪಷ್ಟವಾಗಿ ಕೇಳಲು ಬೇಕಾದ ಧ್ವನಿ ಬಹುಪಾಲು 300ರಿಂದ 3,400 ಹರ್ಟ್ಸ್‌ನೊಳಗೆ ಇರುವುದರಿಂದ, ನಿರೂಪಕ ಮಾತಾಡುವಾಗ ಆ ಮಧ್ಯದ ಜಾಗವನ್ನು ತೆರವುಮಾಡಿ ಸಂಗೀತವು ಮೇಲಕ್ಕೋ ಕೆಳಕ್ಕೋ ಸರಿಯಬೇಕು. ಇದೆಲ್ಲ ಕಸುಬಿನ ಮಾತು, ಕಲಿಯಬಹುದಾದದ್ದು. ನಿಜವಾದ ತೊಡಕು ಇದಕ್ಕೂ ಮೊದಲಿನ ಹಂತದಲ್ಲಿದೆ. ಸಂಕಲನದ ವೇಳೆ ತಾತ್ಕಾಲಿಕವಾಗಿ ಯಾವುದೋ ಹಳೆಯ ಚಿತ್ರದ ಸಂಗೀತವನ್ನು ಹಾಕಿಕೊಂಡಿರುತ್ತಾರೆ. ತಿಂಗಳುಗಟ್ಟಲೆ ಅದನ್ನೇ ಕೇಳಿದ ನಿರ್ದೇಶಕನಿಗೆ ದೃಶ್ಯವೂ ಆ ಸಂಗೀತವೂ ಅಂಟಿಕೊಂಡುಬಿಡುತ್ತವೆ. ಆಮೇಲೆ ಬಂದ ಸಂಯೋಜಕನಿಗೆ ಸಿಗುವ ಆದೇಶ, ಅದರಂತೆಯೇ ಇರಲಿ ಆದರೆ ಅದೇ ಆಗದಿರಲಿ ಎಂಬುದು. ಆಫ್ರಿಕದ ಹುಲ್ಲುಗಾವಲಿಗೂ ಬಂಡೀಪುರಕ್ಕೂ ಒಂದೇ ಜಾತಿಯ ವಯಲಿನ್ ಅಲೆಗಳು ಕೇಳಿಸುವುದಕ್ಕೆ ಸಂಯೋಜಕರ ಸೋಮಾರಿತನಕ್ಕಿಂತ ಈ ಪದ್ಧತಿಯೇ ದೊಡ್ಡ ಕಾರಣ.

ಕನ್ನಡದಲ್ಲಿ ಈ ಕಸುಬು ಬೆಳೆದದ್ದು ಮದರಾಸಿನಲ್ಲಿ. ಕನ್ನಡ ಚಿತ್ರಗಳ ಸಂಗೀತವೆಲ್ಲ ಅಲ್ಲಿನ ಸ್ಟುಡಿಯೋಗಳಲ್ಲಿ, ಅಲ್ಲಿನ ವಾದ್ಯವೃಂದಗಳಿಂದ ದಾಖಲಾಗುತ್ತಿದ್ದ ಕಾಲದಲ್ಲಿ ಜಿ.ಕೆ. ವೆಂಕಟೇಶ್ ಅವರಿಗೆ ಸಹಾಯಕರಾಗಿದ್ದವರು ಇಳಯರಾಜ. ಶಂಕರ್‌ನಾಗ್ ಬೆಂಗಳೂರಿನಲ್ಲಿ ಸಂಕೇತ್ ಸ್ಟುಡಿಯೋ ಕಟ್ಟಿದ ಮೇಲೆ ಆ ಪ್ರಯಾಣ ಕಡಿಮೆಯಾಯಿತು. ಹಿನ್ನೆಲೆ ಸಂಗೀತವನ್ನು ಹಾಡಿನ ಹಂಗಿನಿಂದ ಬಿಡಿಸಿ ಯೋಚಿಸಿದವರು ಮುಖ್ಯವಾಗಿ ಹೊಸ ಅಲೆಯ ಚಿತ್ರದವರು. 1970ರ ‘ಸಂಸ್ಕಾರ’ಕ್ಕೆ ಸರೋದ್ ವಾದಕ ರಾಜೀವ ತಾರಾನಾಥ್, 1977ರ ‘ಘಟಶ್ರಾದ್ಧ’ಕ್ಕೆ ಬಿ.ವಿ. ಕಾರಂತ. ‘ಋಷ್ಯಶೃಂಗ’ಕ್ಕೂ ‘ಘಟಶ್ರಾದ್ಧ’ಕ್ಕೂ ಕಾರಂತರಿಗೆ ಸತತ ಎರಡು ವರ್ಷ ರಾಷ್ಟ್ರಪ್ರಶಸ್ತಿ ಬಂದದ್ದು, ಎಷ್ಟು ಕಡಿಮೆ ನುಡಿಸಿದರೆ ಸಾಕು ಎಂಬ ವಿವೇಕಕ್ಕೆ ಸಿಕ್ಕ ಮನ್ನಣೆ ಎನ್ನಬಹುದು. ಕಾಡು ಕನ್ನಡದ ಪರದೆಗೆ ಅದಕ್ಕೂ ಮೊದಲೇ, 1973ರ ‘ಗಂಧದ ಗುಡಿ’ಯೊಂದಿಗೆ ಬಂದಿತ್ತು. ರಾಜನ್–ನಾಗೇಂದ್ರ ಅವರ ಸಂಗೀತವಿದ್ದ ಆ ಚಿತ್ರದಲ್ಲಿ ಕಾಡೆಂದರೆ ನಾಯಕನ ಹಾಡಿಗೆ ಒದಗಿದ ಬಯಲು. ಕಾಡು ತಾನೇ ಕೇಳಿಸುವ ಹೊತ್ತು ಕಡಿಮೆ. ಇದನ್ನು ದೋಷವೆಂದು ಎಣಿಸಬೇಕಿಲ್ಲ, ಆ ಚಿತ್ರ ಕೊಟ್ಟ ಮಾತೇ ಬೇರೆ.

ವನ್ಯಜೀವಿ ಸಾಕ್ಷ್ಯಚಿತ್ರ ಕೊಡುವ ಮಾತು ಮಾತ್ರ ಒಂದೇ: ಇದು ನಡೆದದ್ದು. ಆದರೆ ನಡೆದದ್ದರ ಚಿತ್ರವಷ್ಟೇ ಕ್ಯಾಮರಾಗೆ ಸಿಕ್ಕಿರುತ್ತದೆ, ಸದ್ದು ಸಿಕ್ಕಿರುವುದಿಲ್ಲ. ಇನ್ನೂರು ಮೀಟರ್ ದೂರದಿಂದ ಟೆಲಿಲೆನ್ಸ್ ಚಿರತೆಯ ಮೀಸೆಯನ್ನು ಹತ್ತಿರ ತರಬಲ್ಲದು. ಆ ದೂರದಿಂದ ಅದರ ಹೆಜ್ಜೆ ಸಪ್ಪಳ ತರುವ ಮೈಕ್ ಇಲ್ಲ. ನಿಧಾನಗತಿಯಲ್ಲಿ ತೋರಿಸಲೆಂದು ಅತಿವೇಗದಲ್ಲಿ ಚಿತ್ರಿಸಿದ ತುಣುಕುಗಳಿಗಂತೂ ಅದೇ ಗತಿಯ ಸಹಜ ಸದ್ದು ಇರುವುದೇ ಸಾಧ್ಯವಿಲ್ಲ. ಹೀಗಾಗಿ ಒಣ ಎಲೆ ಮುರಿಯುವ, ನೀರು ಚಿಮ್ಮುವ ಸದ್ದುಗಳನ್ನು ಸ್ಟುಡಿಯೋದಲ್ಲಿ ಕೈಯಾರೆ ಮಾಡಿ ಸೇರಿಸುತ್ತಾರೆ, ಮಿಕ್ಕ ಖಾಲಿಯನ್ನು ಸಂಗೀತ ತುಂಬುತ್ತದೆ. 1953ರಲ್ಲಿ ಬಂದ ಡಿಸ್ನಿಯ ‘ದಿ ಲಿವಿಂಗ್ ಡೆಸರ್ಟ್’ನಲ್ಲಿ ಎರಡು ಚೇಳುಗಳ ಕೂಡುವಾಟಕ್ಕೆ ಸಂಯೋಜಕ ಪಾಲ್ ಸ್ಮಿತ್ ಅಮೆರಿಕದ ಹಳ್ಳಿಗಾಡಿನ ಕುಣಿತದ ಸಂಗೀತ ಹಾಕಿದರು, ಚೇಳುಗಳು ಮುಂದಕ್ಕೂ ಹಿಂದಕ್ಕೂ ತಾಳಕ್ಕೆ ಹೆಜ್ಜೆಯಿಡುವಂತೆ ಸಂಕಲನವೂ ಸಹಕರಿಸಿತು. ಸಾಕ್ಷ್ಯಚಿತ್ರಕ್ಕೆ ಆಸ್ಕರ್ ಬಂತು, ಜನ ನಕ್ಕರು, ಜೀವವಿಜ್ಞಾನಿಗಳು ಮುಖ ಸಿಂಡರಿಸಿದರು. ಆ ತಮಾಷೆ ಇವತ್ತು ಹಳತಾಗಿ ಕಂಡರೂ ವಿಧಾನ ಹಳತಾಗಿಲ್ಲ. 2016ರ ‘ಪ್ಲಾನೆಟ್ ಅರ್ತ್ 2’ರಲ್ಲಿ ಮರಿ ಇಗುವಾನಾ ಹಾವುಗಳ ಹಿಂಡಿನಿಂದ ತಪ್ಪಿಸಿಕೊಂಡು ಓಡುವ ದೃಶ್ಯ ಒಂದು ಸಾಹಸಚಿತ್ರದ ಬೆನ್ನಟ್ಟುವಿಕೆಯ ಲಯದಲ್ಲೇ ಸಾಗುತ್ತದೆ. ಸಂಗೀತ ನಿಲ್ಲುವ ಕ್ಷಣ, ಮತ್ತೆ ಹೊಡೆಯುವ ಕ್ಷಣ ಎರಡೂ ಥಿಯೇಟರ್‌ನಲ್ಲಿ ಪಳಗಿದ ಪ್ರೇಕ್ಷಕನಿಗೆ ಚಿರಪರಿಚಿತ.

ಸಂಗೀತ ಬರೀ ಭಾವ, ಅದು ಏನನ್ನೂ ಪ್ರತಿಪಾದಿಸುವುದಿಲ್ಲ, ಆದ್ದರಿಂದ ಅದಕ್ಕೆ ಸತ್ಯಾಸತ್ಯದ ಪ್ರಶ್ನೆಯೇ ಇಲ್ಲ ಎಂಬ ಆಕ್ಷೇಪವನ್ನು ಮೊದಲೇ ಎದುರಿಸಬೇಕು. 2016ರಲ್ಲಿ ‘ಪ್ಲಾಸ್ ಒನ್’ ಪತ್ರಿಕೆಯಲ್ಲಿ ನೋಸಲ್ ಮತ್ತು ಸಂಗಡಿಗರು ಪ್ರಕಟಿಸಿದ ಪ್ರಯೋಗ ಈ ಮಾತನ್ನು ನಿಲ್ಲಗೊಡುವುದಿಲ್ಲ. ಶಾರ್ಕ್‌ಗಳು ಸುಮ್ಮನೆ ಈಜುತ್ತಿರುವ 60 ಸೆಕೆಂಡಿನ ಒಂದೇ ತುಣುಕನ್ನು ಕೆಲವರಿಗೆ ಭಯದ ಸಂಗೀತದೊಂದಿಗೆ, ಕೆಲವರಿಗೆ ಉಲ್ಲಾಸದ ಸಂಗೀತದೊಂದಿಗೆ, ಕೆಲವರಿಗೆ ಮೌನವಾಗಿ ತೋರಿಸಿದರು. ಭಾಗವಹಿಸಿದವರು 2,000ಕ್ಕೂ ಹೆಚ್ಚು. ಭಯದ ಸಂಗೀತ ಕೇಳಿದವರು ಶಾರ್ಕ್ ಎಂಬ ಪ್ರಾಣಿಯ ಬಗ್ಗೆಯೇ ಹೆಚ್ಚು ಕೆಟ್ಟ ಅಭಿಪ್ರಾಯ ಕೊಟ್ಟರು. ಚಿತ್ರವಿಲ್ಲದೆ ಸಂಗೀತವನ್ನಷ್ಟೇ ಕೇಳಿದವರಲ್ಲಿ ಆ ವ್ಯತ್ಯಾಸ ಕಾಣಲಿಲ್ಲ. ಅಂದರೆ ಭಾವ ಭಾವವಾಗಿ ಉಳಿಯಲಿಲ್ಲ, ಚಿತ್ರದ ಮೇಲೆ ಕೂತು ಪ್ರಾಣಿಯ ಗುಣವಾಗಿ ಮಾರ್ಪಟ್ಟಿತು. ಹಾಗಿದ್ದೂ ನಮ್ಮ ಎಚ್ಚರವೆಲ್ಲ ಚಿತ್ರದ ಮೇಲೇ ಇದೆ. 2011ರಲ್ಲಿ ಬಿಬಿಸಿಯ ‘ಫ್ರೋಜನ್ ಪ್ಲಾನೆಟ್’ ಸರಣಿ ಹಿಮಕರಡಿ ಮರಿಗಳ ದೃಶ್ಯವನ್ನು ಯುರೋಪಿನ ಮೃಗಾಲಯದಲ್ಲಿ ಚಿತ್ರಿಸಿತ್ತು ಎಂದು ತಿಳಿದಾಗ ಬ್ರಿಟನ್ನಿನ ಪತ್ರಿಕೆಗಳು ಹಾರಾಡಿದವು. ಅದೇ ಸರಣಿಯ ಸಂಗೀತ ಎಲ್ಲಿ ಯಾವ ಕರಡಿಗೆ ಯಾವ ಸ್ವಭಾವ ಅಂಟಿಸಿತು ಎಂದು ಯಾರೂ ಅಷ್ಟು ಜೋರಾಗಿ ವಿಚಾರಿಸಲಿಲ್ಲ.

ಕರ್ನಾಟಕದ ದೊಡ್ಡ ಉದಾಹರಣೆ ‘ವೈಲ್ಡ್ ಕರ್ನಾಟಕ’. ಅಮೋಘವರ್ಷ ಮತ್ತು ಕಲ್ಯಾಣ್ ವರ್ಮಾ ನಿರ್ದೇಶಿಸಿದ, ಡೇವಿಡ್ ಅಟೆನ್‌ಬರೋ ನಿರೂಪಿಸಿದ ಈ ಚಿತ್ರ 2020ರ ಜನವರಿಯಲ್ಲಿ ಚಿತ್ರಮಂದಿರಗಳಿಗೆ ಬಂತು. ಸಂಗೀತ ಬೆಂಗಳೂರಿನ ರಿಕ್ಕಿ ಕೇಜ್ ಅವರದು. ‘ವಿಂಡ್ಸ್ ಆಫ್ ಸಂಸಾರ’ಕ್ಕೆ 2015ರಲ್ಲಿ ಗ್ರ್ಯಾಮಿ ಪಡೆದವರು. 67ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ನಿರೂಪಣೆಗೆ ಅಟೆನ್‌ಬರೋ ಅವರಿಗೂ ಅನ್ವೇಷಣಾ ಚಿತ್ರವೆಂದು ಇದಕ್ಕೂ ಗೌರವ ಸಂದಿತು. ಮುಂದೆ ಕನ್ನಡಕ್ಕೆ ರಿಷಬ್ ಶೆಟ್ಟಿ, ಹಿಂದಿಗೆ ರಾಜ್‌ಕುಮಾರ್ ರಾವ್, ತಮಿಳು ತೆಲುಗುಗಳಿಗೆ ಪ್ರಕಾಶ್ ರೈ ದನಿಯಾದರು. ದನಿ ಬದಲಾಯಿತು, ಕೆಳಗಿನ ಸಂಗೀತ ಅದೇ. ಹೀಗೆ ಯಾವ ಭಾಷೆಯ ಅಡಿಯಲ್ಲೂ ಸಲ್ಲಬೇಕಾದ ಸಂಗೀತ ಯಾವ ಸೀಮೆಯ ನುಡಿಯನ್ನೂ ಗಟ್ಟಿಯಾಗಿ ಆಡಲಾರದು. ಅದು ವಿಶಾಲವಾಗಿ, ಭವ್ಯವಾಗಿ, ಸ್ವಲ್ಪ ದೂರದಿಂದ ಹರಿಯುತ್ತದೆ. ಅಮೋಘವರ್ಷ ಅವರದೇ ನಿರ್ದೇಶನದಲ್ಲಿ 2022ರ ಅಕ್ಟೋಬರ್ 28ರಂದು ತೆರೆಕಂಡ ‘ಗಂಧದ ಗುಡಿ’ಯಲ್ಲಿ ಪುನೀತ್ ರಾಜ್‌ಕುಮಾರ್ ಕಾಡು ಸುತ್ತುತ್ತಾರೆ. ಅಜನೀಶ್ ಲೋಕನಾಥ್ ಅವರ ಸಂಗೀತ ಅಲ್ಲಿ ಕಾಡಿನಷ್ಟೇ ಪುನೀತರನ್ನೂ ಕುರಿತದ್ದು. ನಟ ತೀರಿಕೊಂಡು ವರ್ಷ ತುಂಬುವ ಮುನ್ನಾದಿನ ಬಂದ ಚಿತ್ರದಲ್ಲಿ ಬೇರೇನಾದರೂ ಆಗಿದ್ದರೇ ಅಚ್ಚರಿ. ಎರಡೂ ಚಿತ್ರಗಳ ಮನಸ್ಸು ಹಸಿರಿನ ಕಡೆಗಿದೆ. ಬಯಲುಸೀಮೆಯ ಬಂಡೆಗುಡ್ಡ, ಕೆರೆಯಂಗಳ, ಮಾವಿನ ತೋಪುಗಳು ವನ್ಯಚಿತ್ರದವರ ಕಣ್ಣಿಗೆ ಕಾಡಲ್ಲ.

ಕೋಲಾರಕ್ಕೆ ಪರದೆಯ ಮೇಲೆ ಸಿಕ್ಕ ಸಂಗೀತ ಬೇರೊಂದು ದಾರಿಯಿಂದ ಬಂತು. ಪ್ರಶಾಂತ್ ನೀಲ್ ಅವರ ‘ಕೆಜಿಎಫ್’ ಮೊದಲ ಭಾಗ 2018ರ ಡಿಸೆಂಬರ್ 21ರಂದು, ಎರಡನೆಯದು 2022ರ ಏಪ್ರಿಲ್ 14ರಂದು ಬಿಡುಗಡೆಯಾದವು. ಸಂಗೀತ ಕುಂದಾಪುರದ ಕಡೆಯ ಬಸ್ರೂರಿನ ರವಿ ಬಸ್ರೂರು ಅವರದು. ಗಂಡುದನಿಗಳ ಘೋಷ, ಸುತ್ತಿಗೆಯಂತೆ ಬೀಳುವ ತಾಳ, ನಾಯಕನ ಹೆಜ್ಜೆಗೆ ನೆಲ ನಡುಗಿದಂಥ ತಗ್ಗಿನ ಸದ್ದು. ಕೆಲಸದ ಮಟ್ಟಿಗೆ ಇದು ಪಕ್ಕಾ. ಸಿನಿಮಾದ ಅರ್ಧ ಗಾತ್ರ ಈ ಹಿನ್ನೆಲೆಯಿಂದಲೇ ಬಂದದ್ದು. ಆದರೆ ನಿಜವಾದ ಗಣಿಯೂರಿಗೆ ತನ್ನದೇ ಸದ್ದುಗಳಿದ್ದವು. ಪಾಳಿ ಬದಲಾದಾಗ ಕೂಗುವ ಸೈರನ್ನು ಇಡೀ ಊರಿನ ಗಡಿಯಾರ. ಮೂರು ಕಿಲೋಮೀಟರಿಗೂ ಆಳಕ್ಕೆ ಇಳಿದಿದ್ದ ಚಾಂಪಿಯನ್ ರೀಫ್‌ನಲ್ಲಿ ಒತ್ತಡಕ್ಕೆ ಬಂಡೆ ಸಿಡಿದರೆ ಮೇಲಿನ ಮನೆಗಳ ಪಾತ್ರೆ ಅಲುಗುತ್ತಿದ್ದವು. ಕೆಳಗೆ ಪಾಳಿಯಲ್ಲಿರುವವರ ಮನೆಮಂದಿಗೆ ಆ ಅದುರೇ ಸುದ್ದಿ. ಕಾರ್ಮಿಕರ ಮಾತು ಹೆಚ್ಚಾಗಿ ತಮಿಳು, ತೆಲುಗು. 2001ರ ಫೆಬ್ರವರಿ 28ರಂದು ಗಣಿ ಮುಚ್ಚಿದ ಮೇಲೆ ಸೈನೈಡ್ ದಿಬ್ಬಗಳ ಮೇಲೆ ಬೀಸುವ ಗಾಳಿಯದೇ ರಾಜ್ಯ. ಇದು ಕಲ್ಪಿತ ಕಥೆ, ಇದರಲ್ಲಿ ಊರಿನ ಸದ್ದು ಹುಡುಕುವುದು ಅನ್ಯಾಯ ಎಂಬ ಆಕ್ಷೇಪ ನ್ಯಾಯವಾದದ್ದೇ. ಕಥಾಚಿತ್ರಕ್ಕೆ ಆ ಸ್ವಾತಂತ್ರ್ಯ ಇದೆ. ಆದರೆ ಸಾಕ್ಷ್ಯಚಿತ್ರದವರು ಅದೇ ಸ್ವಾತಂತ್ರ್ಯ ಬಳಸಿಕೊಂಡು ನಾಳೆ ಕೋಲಾರದ ಗುಡ್ಡ ತೋರಿಸುವಾಗಲೂ ಇದೇ ಘೋಷವನ್ನು ಹಾಕಿದರೆ ಆಕ್ಷೇಪದ ಬಲ ಹೋಗುತ್ತದೆ.

ಹನುಮನಹಳ್ಳಿಯ ಪ್ರಸಂಗ ಇನ್ನೂ ಬಿಗಿಯಾದದ್ದು. ಕೋಲಾರ ಎಲೆಮೂಗಿನ ಬಾವಲಿಯನ್ನು ಹೊಸ ಪ್ರಭೇದವೆಂದು ಕಾಕ್ ಮತ್ತು ಭಟ್ 1994ರಲ್ಲಿ ವಿವರಿಸಿದರು. ಆಗ ಜಿಲ್ಲೆಯ ಹನುಮನಹಳ್ಳಿ, ತೇರಹಳ್ಳಿ ಎರಡು ಕಡೆ ಸಿಕ್ಕಿತ್ತು. ಈಗ ಉಳಿದಿರುವುದು ಹನುಮನಹಳ್ಳಿಯ ಗ್ರಾನೈಟ್ ಗುಡ್ಡದ ಗುಹೆಯಲ್ಲಿ, ಅದೂ ಇನ್ನೂರರ ಆಸುಪಾಸು. ಐಯುಸಿಎನ್ ಪಟ್ಟಿಯಲ್ಲಿ ಅದು ಅಳಿವಿನಂಚಿನ ಕೊನೆಯ ಮೆಟ್ಟಿಲಿನಲ್ಲಿದೆ. ಈ ಕುಲದ ಬಾವಲಿಗಳು ಮೂಗಿನಿಂದ ಧ್ವನಿ ಹೊರಡಿಸಿ, ಮೂಗಿನ ಸುತ್ತಲ ಎಲೆಯಾಕಾರದ ಚರ್ಮದಿಂದ ಅದಕ್ಕೆ ದಿಕ್ಕು ಕೊಟ್ಟು, ಮರುದನಿಯಿಂದ ಹುಳ ಹಿಡಿಯುತ್ತವೆ. ಆ ಧ್ವನಿ ಮನುಷ್ಯರ ಕಿವಿಯ ಮಿತಿಯಾದ 20,000 ಹರ್ಟ್ಸ್‌ಗಿಂತ ಬಹಳ ಮೇಲಿನದು. ಸಿನಿಮಾಕ್ಕೆ ಸಾಮಾನ್ಯವಾಗಿ ಬಳಸುವ ಧ್ವನಿಮುದ್ರಣ ಸೆಕೆಂಡಿಗೆ 48,000 ಮಾದರಿಗಳದು. ಅದು ಹಿಡಿಯಬಲ್ಲುದು 24,000 ಹರ್ಟ್ಸ್‌ವರೆಗೆ ಮಾತ್ರ. ಅಂದರೆ ಗುಹೆಯ ಬಾಗಿಲಲ್ಲಿ ಮುಸ್ಸಂಜೆ ಮೈಕ್ ಹಿಡಿದು ನಿಂತರೂ ಟ್ರ್ಯಾಕಿನಲ್ಲಿ ರೆಕ್ಕೆಯ ಸದ್ದು ಸಿಕ್ಕೀತು, ಕೂಗು ಸಿಗದು. ಅದಕ್ಕೆ ಬೇರೆಯೇ ಯಂತ್ರ ಬೇಕು. ಅದು ಮುದ್ರಿಸಿದ ಕೂಗನ್ನು ಹತ್ತುಪಟ್ಟು ನಿಧಾನಿಸಿದರೆ ಒಂದು ಲಕ್ಷ ಹರ್ಟ್ಸ್‌ನ ಧ್ವನಿ ಹತ್ತು ಸಾವಿರಕ್ಕೆ ಇಳಿದು ಕಿವಿಗೆ ಬೀಳುತ್ತದೆ, ಎಳೆದ ಸಿಳ್ಳೆಯಂತೆ. ಇದು ಬಾವಲಿಯ ಧ್ವನಿಯೇ, ಆದರೆ ಬಾವಲಿ ಹಾಗೆ ಕೂಗುವುದಿಲ್ಲ. ಸಂಯೋಜಕನ ಮುಂದೆ ಈಗ ಎರಡು ದಾರಿ. ಒಂದು, ದೆವ್ವದ ಸಿನಿಮಾಗಳು ಬಾವಲಿಗೆಂದೇ ಕಾದಿರಿಸಿದ ಕರ್ಕಶ ತಂತಿಗಳು. ಇನ್ನೊಂದು, ನಿಧಾನಿಸಿದ್ದೇವೆಂದು ನಿರೂಪಣೆಯಲ್ಲಿ ಹೇಳಿ ಆ ಸಿಳ್ಳೆಗಳನ್ನೇ, ಹುಳ ಹತ್ತಿರವಾದಂತೆ ಅವುಗಳ ನಡುವಿನ ಬಿಡುವು ಕಿರಿದಾಗುವ ಲಯವನ್ನೇ, ಸಂಗೀತದ ಮೂಲಧಾತುವಾಗಿ ತೆಗೆದುಕೊಳ್ಳುವುದು. ಬೇಟೆಯ ತವಕ ಆ ಲಯದಲ್ಲೇ ಇದೆ, ಹೊರಗಿನಿಂದ ತರಬೇಕಿಲ್ಲ.

ಹಾಗಾದರೆ ಸ್ಥಳೀಯ ವಾದ್ಯ ಬಳಸಿದರಾಯಿತಲ್ಲ, ಕೋಲಾರಕ್ಕೆ ತಮಟೆ ಇದೆಯಲ್ಲ ಎಂದು ಕೇಳುವವರಿದ್ದಾರೆ. ತಮಟೆ ಖಂಡಿತ ಇದೆ. ಹಿಂದೆ ಕೋಲಾರ ಜಿಲ್ಲೆಗೇ ಸೇರಿದ್ದ, 2007ರಿಂದ ಚಿಕ್ಕಬಳ್ಳಾಪುರಕ್ಕೆ ಹೋದ ಭಾಗದ ಪಿಂಡಿಪಾಪನಹಳ್ಳಿ ಮುನಿವೆಂಕಟಪ್ಪನವರಿಗೆ 2023ರಲ್ಲಿ ಪದ್ಮಶ್ರೀ ಬಂದದ್ದು ತಮಟೆಗಾಗಿ. ಕೋಲಾರದ ತೇರಹಳ್ಳಿ ಬೆಟ್ಟದ ಮೇಲೆ ಕೋಟಿಗಾನಹಳ್ಳಿ ರಾಮಯ್ಯನವರು ಗೆಳೆಯರೊಡನೆ ಕಟ್ಟಿದ ಆದಿಮದ ಹುಣ್ಣಿಮೆ ಹಾಡು ಕಾರ್ಯಕ್ರಮಗಳಲ್ಲಿ ತಮಟೆಯೂ ಹೋರಾಟದ ಹಾಡೂ ಒಟ್ಟಿಗೆ ಬೆಳೆದಿವೆ. ಆದರೆ ತಮಟೆಯೆಂದರೆ ‘ಹಳ್ಳಿಯ ಸದ್ದು’ ಅಲ್ಲ. ಸಾವಿಗೆ ಒಂದು ಏಟು, ಜಾತ್ರೆಗೆ ಒಂದು, ದೇವರ ಮೆರವಣಿಗೆಗೆ ಇನ್ನೊಂದು. ಕೇಳಿದ ಊರವರು ಕಿಟಕಿ ತೆರೆಯದೆಯೇ ಹೊರಗೇನು ನಡೆದಿದೆ ಎಂದು ಹೇಳುತ್ತಾರೆ. ಚಿರತೆ ಬಂಡೆ ಹತ್ತುವ ದೃಶ್ಯಕ್ಕೆ ಚಟ್ಟದ ಮುಂದಿನ ಏಟನ್ನು ಹಾಕಿದರೆ ದೆಹಲಿಯ ಪ್ರೇಕ್ಷಕನಿಗೆ ಹುರುಪು, ಮುಳಬಾಗಿಲಿನವನಿಗೆ ಹೆಣ. ವಾದ್ಯದ ಮೈಯೂ ಸುಲಭದ್ದಲ್ಲ. ನುಡಿಸುವ ಮುನ್ನ ಚರ್ಮವನ್ನು ಬೆಂಕಿಗೆ ಹಿಡಿದು ಕಾಯಿಸಿ ಬಿಗಿ ಮಾಡುತ್ತಾರೆ. ಕಾವು ಇಳಿದಂತೆ ಶ್ರುತಿಯೂ ಇಳಿಯುತ್ತದೆ, ಮತ್ತೆ ಕಾಯಿಸಬೇಕು. ಒಂದು ಕೈಯಲ್ಲಿ ದಪ್ಪ ಕೋಲು, ಇನ್ನೊಂದರಲ್ಲಿ ತೆಳುವಾದ ಉದ್ದನೆಯದು; ಎರಡರ ಮಾತುಕತೆಯಲ್ಲೇ ಗತಿ ಹುಟ್ಟುವುದು. ಕೀಬೋರ್ಡಿನ ಸ್ಯಾಂಪಲ್ ಬ್ಯಾಂಕಿನಲ್ಲಿರುವುದು ಯಾವುದೋ ಮಧ್ಯಾಹ್ನ ಒಂದೇ ಕಾವಿನಲ್ಲಿ ಹಿಡಿದಿಟ್ಟ ಒಂಟಿ ಏಟು. ಹೆಸರಿಗೆ ತಮಟೆ, ನುಡಿಯುವುದು ಯಂತ್ರದ ಲಯವನ್ನು. ವಾದ್ಯ ಸ್ಥಳೀಯವಾದ ಮಾತ್ರಕ್ಕೆ ಸಂಗೀತದ ಹೇಳಿಕೆ ನಿಜವಾಗುವುದಿಲ್ಲ ಎನ್ನಲು ಇಷ್ಟು ಸಾಕು.

ನಿಜಕ್ಕೆ ಹತ್ತಿರದ ದಾರಿ ಸೀಮೆಯ ಕಾಲಗತಿಯನ್ನು ಕೇಳಿಸಿಕೊಳ್ಳುವುದರಲ್ಲಿದೆ. ವರ್ಷವಿಡೀ ಹರಿಯುವ ನದಿಯಿಲ್ಲದ, ಕೆರೆಗಳನ್ನೇ ನಂಬಿದ ಈ ಸೀಮೆಯಲ್ಲಿ ಬಹುಕಾಲ ಸದ್ದಿಲ್ಲದೆ ಇದ್ದು ಒಮ್ಮೆಲೇ ಸದ್ದಾಗುವುದೇ ಪ್ರಕೃತಿಯ ಕ್ರಮ. ಬೇಸಿಗೆಯಲ್ಲಿ ಶ್ರೀನಿವಾಸಪುರದ ಮಾವಿನ ತೋಪುಗಳಲ್ಲಿ ಕೋಗಿಲೆಯ ಸ್ವರ ಮೆಟ್ಟಿಲು ಮೆಟ್ಟಿಲಾಗಿ ಏರುತ್ತದೆ. ಮೊದಲ ದೊಡ್ಡ ಮಳೆಗೆ ಕೆರೆಯಂಗಳದ ಕಪ್ಪೆಗಳು ರಾತ್ರಿಯಿಡೀ ವದರುತ್ತವೆ. ಮತ್ತೆ ವಾರಗಟ್ಟಲೆ ಗಾಳಿ, ನೀಲಗಿರಿ ಎಲೆಗಳ ಸರಸರ. 2018ರಿಂದ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಬೆಂಗಳೂರಿನ ಸಂಸ್ಕರಿಸಿದ ನೀರು ಕೋಲಾರದ ಕೆರೆಗಳಿಗೆ ಹರಿಯತೊಡಗಿದ ಮೇಲೆ ಎಷ್ಟೋ ಕೆರೆಗಳಲ್ಲಿ ಮಳೆಯನ್ನು ಕಾಯದೆ ವರ್ಷವಿಡೀ ನೀರು ನಿಲ್ಲುತ್ತಿದೆ. ಆ ನೀರಿನ ಗುಣದ ಬಗ್ಗೆ ವಾದವಿವಾದ ಇದೆ. ಅದೇನೇ ಇರಲಿ, ನೀರಿರುವ ಕೆರೆಗೂ ಒಣಗಿದ ಕೆರೆಗೂ ಸದ್ದಿನಲ್ಲಿರುವ ಅಂತರ ಧ್ವನಿಮುದ್ರಣಕ್ಕೆ ಸಿಕ್ಕುವಂಥದು. ಎರಡು ನಿಮಿಷಕ್ಕೊಮ್ಮೆ ಉತ್ಕರ್ಷ ಬೇಡುವ ಟೀವಿಯ ಸಂಗೀತಕ್ಕೆ ಈ ದೀರ್ಘ ನಿರೀಕ್ಷೆ ಒಗ್ಗುವುದಿಲ್ಲ. ಕಾರಂತರ ಮಿತವ್ಯಯ ಇಲ್ಲಿ ಉಪಯೋಗಕ್ಕೆ ಬರುತ್ತದೆ: ಹತ್ತು ನಿಮಿಷದ ದೃಶ್ಯದಲ್ಲಿ ಒಂದೂವರೆ ನಿಮಿಷ ಮಾತ್ರ ನುಡಿಸಿ, ಉಳಿದದ್ದನ್ನು ಸ್ಥಳಕ್ಕೇ ಬಿಡುವ ಧೈರ್ಯ.

ಜನ ನೋಡದಿದ್ದರೆ ಈ ಪ್ರಾಮಾಣಿಕತೆಯಿಂದ ಬಾವಲಿಗೇನು ಲಾಭ ಎಂಬ ಪ್ರಶ್ನೆ ಇದೆಲ್ಲಕ್ಕಿಂತ ಗಟ್ಟಿಯಾದದ್ದು. ಸಂರಕ್ಷಣೆಗೆ ಪ್ರೀತಿ ಬೇಕು, ಪ್ರೀತಿ ಹುಟ್ಟಿಸಲು ಸಂಗೀತ ಬೇಕು, ಸ್ವಲ್ಪ ಉಪ್ಪುಖಾರ ಹೆಚ್ಚಾದರೂ ಸರಿ ಎಂದು ಚಿತ್ರ ತೆಗೆಯುವವರು ಹೇಳುವುದರಲ್ಲಿ ಹುರುಳಿಲ್ಲದಿಲ್ಲ. ಆದರೆ ಹಾಗೆ ಹುಟ್ಟಿದ ಪ್ರೀತಿ ಯಾವುದಕ್ಕೆ ಒದಗುತ್ತದೆ ಎಂದೂ ನೋಡಬೇಕು. ಭವ್ಯ ಸಂಗೀತ ಭವ್ಯ ಪ್ರಾಣಿಗಳಿಗೆ ಸಲ್ಲುತ್ತದೆ. ಹುಲಿಗೂ ಆನೆಗೂ ಅಭಿಮಾನಿಗಳಿಗೆ ಬರವಿಲ್ಲ. ಆದರೆ ತಮಿಳುನಾಡಿನ ಗಡಿಯಿಂದ ಮಾಲೂರು, ಬಂಗಾರಪೇಟೆಯ ಹೊಲಗಳಿಗೆ ನುಗ್ಗುವ ಆನೆಹಿಂಡಿನ ವಿಚಾರಕ್ಕೆ ಆ ಭವ್ಯತೆಯೇ ಅಡ್ಡಿ. ರಾಗಿ ಹೊಲ ಕಾಯುತ್ತ ತಗಡು ಬಡಿದು ಪಟಾಕಿ ಹಚ್ಚುವ ರೈತ ಆ ಸಂಗೀತದಲ್ಲಿ ಖಳನಾಗಿ ಕೇಳಿಸುತ್ತಾನೆ, ಇಲ್ಲವೇ ಕೇಳಿಸುವುದೇ ಇಲ್ಲ. ಹನುಮನಹಳ್ಳಿಯ ಬಾವಲಿಯನ್ನು ಇದುವರೆಗೆ ಕಾದಿರುವುದೂ ಪ್ರೇಕ್ಷಕರ ಉಕ್ಕುವ ಭಾವವಲ್ಲ. ಕಲ್ಲು ತೆಗೆಯುವುದನ್ನು ಸರ್ಕಾರ ನಿಷೇಧಿಸಿದ್ದು, ಗುಹೆಯ ಸುತ್ತ ಸುಮಾರು 30 ಎಕರೆಗೆ ರಕ್ಷಣೆ ಸಿಕ್ಕಿದ್ದು, ಬ್ಯಾಟ್ ಕನ್ಸರ್ವೇಷನ್ ಇಂಡಿಯಾ ಟ್ರಸ್ಟ್‌ನವರು ಅರಣ್ಯ ಇಲಾಖೆ ಮತ್ತು ಊರವರ ಜೊತೆ ಕೂತು ಮಾತಾಡಿದ್ದು. ಶಾರ್ಕ್‌ಗಳ ಪ್ರಯೋಗ ತೋರಿಸಿದ್ದೂ ಇದನ್ನೇ ಅಲ್ಲವೇ: ತಪ್ಪು ಸಂಗೀತದ ಬೆಲೆಯನ್ನು ಪ್ರಾಣಿಯೇ ತೆರಬೇಕಾಗುತ್ತದೆ. ಬಾವಲಿಯೆಂದರೆ ಅಪಶಕುನ, ಈಚೆಗೆ ರೋಗ ಎಂದು ಹೆದರುವ ಜನರ ನಡುವೆ ದೆವ್ವದ ತಂತಿಗಳನ್ನು ಮೀಟಿದರೆ ನೋಡುಗರ ಸಂಖ್ಯೆ ಏರೀತು, ಗುಹೆಗೆ ಕಲ್ಲೆಸೆಯುವವರದೂ ಏರೀತು.

ಇನ್ನು ಸ್ಥಳದ ಸದ್ದನ್ನು ನಂಬುವವರಿಗೂ ಒಂದು ಕಷ್ಟ ಕಾದಿದೆ. ಕೋಲಾರದ ಬಂಡೆಗುಡ್ಡಗಳ ಸದ್ದೆಂದರೆ ಪಿಕಳಾರ, ಗಾಳಿ, ಕಪ್ಪೆಗಳಷ್ಟೇ ಅಲ್ಲ. ಕ್ವಾರಿಯ ಡ್ರಿಲ್, ಜಲ್ಲಿ ಕ್ರಷರ್, ಬ್ಲಾಸ್ಟಿಂಗ್‌ಗೆ ಮುನ್ನ ಊದುವ ಸೀಟಿ, ಹೆದ್ದಾರಿಯ ಲಾರಿ, ದೇವಸ್ಥಾನದ ಮೈಕು ಕೂಡ. ವನ್ಯಚಿತ್ರದ ಸೌಂಡ್ ಎಡಿಟರ್ ಮೊದಲು ಅಳಿಸುವುದು ಇವನ್ನೇ. ಅಳಿಸಿದ ಜಾಗಕ್ಕೆ ಸಂಗೀತ ಬಂದು ಕೂತಾಗ ಮನುಷ್ಯರೇ ಇಲ್ಲದ ಒಂದು ಕಾಡು ಸಿದ್ಧವಾಗುತ್ತದೆ, ಅಂಥ ಕಾಡು ಜಿಲ್ಲೆಯಲ್ಲಿ ಎಲ್ಲೂ ಇಲ್ಲ. ಅವನ್ನು ಉಳಿಸಿಕೊಳ್ಳುವುದು ತಾಂತ್ರಿಕವಾಗಿ ಕಷ್ಟವೇನಲ್ಲ: ಕ್ರಷರ್‌ನ ತಗ್ಗು ಗುಂಯ್‌ಗುಡುವಿಕೆಯನ್ನೇ ಆಧಾರಶ್ರುತಿಯಾಗಿ ಇಟ್ಟುಕೊಳ್ಳಬಹುದು, ನಿಧಾನಿಸಿದ ಬಾವಲಿ ಸಿಳ್ಳೆಗಳು ಅದಕ್ಕಿಂತ ಬಹಳ ಎತ್ತರದಲ್ಲಿರುವುದರಿಂದ ಎರಡೂ ಒಂದನ್ನೊಂದು ಮುಚ್ಚದೆ ಕೇಳುತ್ತವೆ, ನಡುವಿನ 300ರಿಂದ 3,400 ಹರ್ಟ್ಸ್‌ನ ಜಾಗ ನಿರೂಪಕನಿಗೆ ಉಳಿಯುತ್ತದೆ.